ಪಕ್ಕದ ಮನೆಯ ಕಂದಾಯ ನಮ್ಮದರ ಹತ್ತನೇ ಒಂದು ಪಾಲು! ಇದು ಹೇಗೆ?

ಮಂಡ್ಯದವನು:

ಎಲ್ಲರಿಗೂ ನಮಸ್ಕಾರ. ಹೋದ ವರ್ಷ ಕ್ಯಾಲಿಫೋರ್ನಿಯಾದ ಫ್ರೀಮಾಂಟಿನಲ್ಲಿ ಮನೆ ಕೊಂಡೆವು. 16 ಲಕ್ಷ ಡಾಲರ್. ಊರಲ್ಲಿ ಈ ಅಂಕಿ ಇನ್ನೂ ಯಾರಿಗೂ ಹೇಳಿಲ್ಲ, ಅಪ್ಪ ರೂಪಾಯಿಗೆ ಲೆಕ್ಕ ಹಾಕಿಬಿಡುತ್ತಾರೆ. ಈ ವಾರ ಕೌಂಟಿಯಿಂದ, ಅಂದರೆ ಇಲ್ಲಿನ ಜಿಲ್ಲಾಡಳಿತದಿಂದ, ಮನೆ ಕಂದಾಯದ ಬಿಲ್ ಬಂತು, 18,900 ಡಾಲರ್. ಅದು ಗೊತ್ತಿದ್ದದ್ದೇ. ಆದರೆ ಕೌಂಟಿಯ ವೆಬ್‌ಸೈಟಿನಲ್ಲಿ ವಿಳಾಸ ಹಾಕಿದರೆ ಬೇರೆ ಮನೆಯ ಬಿಲ್ಲೂ ಕಾಣುತ್ತದೆ ಅಂತ ಗೊತ್ತಿರಲಿಲ್ಲ. ಸುಮ್ನೆ ಕುತೂಹಲಕ್ಕೆ ಪಕ್ಕದ ಮನೆಯದು ನೋಡಿದೆ. 1,880 ಡಾಲರ್! ಒಂದು ಸೊನ್ನೆ ಬಿಟ್ಟುಹೋಗಿರಬೇಕು ಅಂದುಕೊಂಡು ಕನ್ನಡಕ ಹಾಕಿಕೊಂಡು ಮತ್ತೆ ನೋಡಿದೆ. ಅಷ್ಟೇ ಇತ್ತು.

ಎರಡೂ ಮನೆ ಒಬ್ಬನೇ ಬಿಲ್ಡರ್ ಕಟ್ಟಿದ್ದು, ಒಂದೇ ಅಳತೆ. ಅವರ ಹಿತ್ತಿಲೇ ನಮ್ಮದಕ್ಕಿಂತ ಸ್ವಲ್ಪ ದೊಡ್ಡದು, ನಿಂಬೆ ಮರ ಬೇರೆ ಇದೆ. ಅಲ್ಲಿರುವವರು ಒಬ್ಬ ಅಜ್ಜಿ, 1971ರಿಂದ ಇದ್ದಾರಂತೆ. ಮಂಡ್ಯದಲ್ಲಿ ಅಪ್ಪನ ಕಂದಾಯಕ್ಕೂ ಪಕ್ಕದವರದಕ್ಕೂ ನೂರಿನ್ನೂರು ರೂಪಾಯಿ ಹೆಚ್ಚುಕಮ್ಮಿ ಇರಬಹುದು. ಇಲ್ಲಿ ಹತ್ತು ಪಟ್ಟು. ಇದೇನು, ಹಿರಿಯ ನಾಗರಿಕರಿಗೆ ಕೊಡುವ ರಿಯಾಯಿತಿಯಾ?

ಕಾಫಿಪುಡಿ:

ಪ್ರಾಪ್ 13. ಕ್ಯಾಲಿಫೋರ್ನಿಯಾಕ್ಕೆ ಸ್ವಾಗತ ಗುರು.

ಹಳೇ ಡೇವಿಸ್:

ರಿಯಾಯಿತಿ ಅಲ್ಲಪ್ಪ, ಅದು ರಾಜ್ಯದ ಸಂವಿಧಾನ. ಪ್ರಾಪ್ ಅಂದರೆ ಪ್ರೊಪೊಸಿಷನ್, ಜನರ ಓಟಿಗೆ ಇಡುವ ಪ್ರಸ್ತಾಪ. 1978ರ ಜೂನ್ 6ರಂದು ಮತದಾರರೇ ತಿದ್ದಿದ್ದು. ನಾನು ಅದರ ಹಿಂದಿನ ವರ್ಷ ಡೇವಿಸ್‌ಗೆ ಓದಲು ಬಂದವನು, ಆ ಗಲಾಟೆಯನ್ನು ಕಣ್ಣಾರೆ ನೋಡಿದ್ದೇನೆ.

ನಿಯಮ ಇಷ್ಟು. ಕಂದಾಯ ಮನೆಯ ಬೆಲೆಯ ಶೇ. 1 ದಾಟುವಂತಿಲ್ಲ. ಊರಿನವರು ಓಟು ಹಾಕಿ ಒಪ್ಪಿದ ಸಾಲಗಳು ಅದರ ಮೇಲೆ. ಬೆಲೆ ಅಂದರೆ ಇವತ್ತಿನ ಬೆಲೆ ಅಲ್ಲ. ಹಳಬರಿಗೆ 1975ರ ಬೆಲೆ. ಅದನ್ನು ವರ್ಷಕ್ಕೆ ಶೇ. 2ಕ್ಕಿಂತ ಜಾಸ್ತಿ ಏರಿಸುವಂತಿಲ್ಲ. ಮನೆ ಕೈಬದಲಾದಾಗ ಇಲ್ಲವೇ ಹೊಸದಾಗಿ ಕಟ್ಟಿದಾಗ ಮಾತ್ರ ಹೊಸ ಬೆಲೆ. ನಿಮ್ಮ ಅಜ್ಜಿಯ ಮನೆ 1975ರಲ್ಲಿ 40,000 ಡಾಲರ್ ಇತ್ತು ಅಂದುಕೊಳ್ಳಿ. ಪ್ರತಿ ವರ್ಷ ಪೂರಾ ಎರಡೆರಡು ಏರಿಸುತ್ತಾ ಬಂದರೂ ಈಗ ಒಂದು ಲಕ್ಷ ಚಿಲ್ಲರೆ. ಅದರ ಶೇ. 1 ಎಷ್ಟು? ನಿಮ್ಮದು 16 ಲಕ್ಷದ ಶೇ. 1. ಉಳಿದದ್ದು ಶಾಲೆ, ಆಸ್ಪತ್ರೆ ಅಂತ ಸೇರಿಸಿದ ಚಿಲ್ಲರೆ ಬಾಬ್ತುಗಳು.

ಇದು ಹುಟ್ಟಿದ್ದು ಹೇಗೆ ಅನ್ನುವುದು ತಮಾಷೆಯಾಗಿದೆ. ಬೆಲೆ ಕಟ್ಟುವ ಅಧಿಕಾರಿ, ಅಸೆಸರ್ ಅಂತಾರಲ್ಲ, ಅವನು ಚುನಾವಣೆಯಲ್ಲಿ ಗೆದ್ದು ಬರುವವನು. ಮನೆಯವರದು ಓಟು. ಹಾಗಾಗಿ ಮನೆಗಳಿಗೆ ಕಮ್ಮಿ, ಅಂಗಡಿ ಕಾರ್ಖಾನೆಗಳಿಗೆ ಜಾಸ್ತಿ ಬೆಲೆ ಹಾಕುವುದು 60ರ ದಶಕದವರೆಗೆ ಒಳಗೊಳಗೇ ನಡೆಯುತ್ತಿತ್ತು. ಸ್ಯಾನ್ ಫ್ರಾನ್ಸಿಸ್ಕೊದ ಅಸೆಸರ್ ರಸೆಲ್ ವೋಲ್ಡನ್ ಲಂಚದ ಕೇಸಿನಲ್ಲಿ ಸಿಕ್ಕಿಬಿದ್ದ. 1966ರಲ್ಲಿ ಶಾಸನಸಭೆ ಎಲ್ಲರಿಗೂ ಒಂದೇ ಅಳತೆ ಅಂತ ಕಾನೂನು ಮಾಡಿತು. ಭ್ರಷ್ಟಾಚಾರ ಹೋಯಿತು, ಅದರ ಜೊತೆಗೆ ಮನೆಯವರ ಗುಟ್ಟಿನ ರಿಯಾಯಿತಿಯೂ ಹೋಯಿತು! ಆಮೇಲೆ 70ರ ದಶಕದಲ್ಲಿ ಮನೆ ಬೆಲೆ ಗಗನಕ್ಕೆ. ಪಿಂಚಣಿಯಲ್ಲಿ ಬದುಕುವ ಮುದುಕರಿಗೆ ಕಂದಾಯ ಎರಡು ವರ್ಷದಲ್ಲಿ ದುಪ್ಪಟ್ಟು. ಅತ್ತ ರಾಜಧಾನಿ ಸ್ಯಾಕ್ರಮೆಂಟೊದ ಖಜಾನೆಯಲ್ಲಿ ಸುಮಾರು 500 ಕೋಟಿ ಡಾಲರ್ ಕೊಳೆಯುತ್ತಿತ್ತು. ಜನರಿಗೆ ಸಿಟ್ಟು ಬರದೆ ಇರುತ್ತದೆಯೇ?

ಆ ಸಿಟ್ಟನ್ನು ಹಿಡಿದವರು ಹೋವರ್ಡ್ ಜಾರ್ವಿಸ್. 74 ವರ್ಷದ ಮುದುಕ, ದೊಡ್ಡ ದನಿ. ಜೊತೆಗೆ ಪಾಲ್ ಗ್ಯಾನ್. 12 ಲಕ್ಷಕ್ಕೂ ಜಾಸ್ತಿ ಸಹಿ ತಂದರು. ಗವರ್ನರ್ ಜೆರ್ರಿ ಬ್ರೌನ್ ವಿರೋಧಿಸಿದರು. ಸುಮಾರು ಶೇ. 65 ಓಟು ಬಿದ್ದು ಪಾಸಾಯಿತು. ಬ್ರೌನ್ ಮರುದಿನವೇ ಪಲ್ಟಿ ಹೊಡೆದು ತೆರಿಗೆ ಇಳಿಸುವವರ ಮುಂದಾಳು ನಾನೇ ಅನ್ನುವಂತೆ ಓಡಾಡಿದರು. ನವೆಂಬರಿನಲ್ಲಿ ಮತ್ತೆ ಗೆದ್ದರು ಕೂಡ.

ನನ್ನ ಬಾಡಿಗೆ ಮನೆಯ ಒಡತಿ ಜೂನ್ ತನಕ ದಿನಾ ಹೇಳುತ್ತಿದ್ದರು, ಇದು ಪಾಸಾದರೆ ಬಾಡಿಗೆ ಇಳಿಸುತ್ತೇನೆ ಅಂತ. ಜಾರ್ವಿಸ್ ಅವರೂ ಊರೆಲ್ಲ ಅದನ್ನೇ ಹೇಳಿಕೊಂಡು ಬಂದಿದ್ದರು. ಪಾಸಾಯಿತು. ಬಾಡಿಗೆ ಇಳಿಯಲಿಲ್ಲ. ಮುಂದಿನ ವರ್ಷ ಸ್ಯಾನ್ ಫ್ರಾನ್ಸಿಸ್ಕೊ, ಲಾಸ್ ಏಂಜಲೀಸ್ ಕಡೆ ಬಾಡಿಗೆ ನಿಯಂತ್ರಣದ ಕೂಗು ಎದ್ದಿದ್ದಕ್ಕೆ ಇದೂ ಒಂದು ಕಾರಣ.

ಧಾರವಾಡ ಮಳೆ:

ಅಜ್ಜಾರ, ಒಂದು ಪ್ರಶ್ನೆ. ಜನರೇ ಸಹಿ ತಂದು ಸಂವಿಧಾನ ತಿದ್ದುವುದು ಅಂದರೆ ಹೇಗೆ? ಎಂಎಲ್‌ಎಗಳು ಏನು ಮಾಡುತ್ತಾರೆ ಮತ್ತೆ?

ಹಳೇ ಡೇವಿಸ್:

ಬಯ್ಯಿಸಿಕೊಳ್ಳುತ್ತಾರೆ.

ನಿಜ ಹೇಳಬೇಕೆಂದರೆ, 19ನೇ ಶತಮಾನದ ಕೊನೆಯಲ್ಲಿ ಇಲ್ಲಿ ಸದರ್ನ್ ಪೆಸಿಫಿಕ್ ರೈಲು ಕಂಪನಿಯದೇ ರಾಜ್ಯಭಾರ. ಆಕ್ಟೋಪಸ್ ಅಂತಲೇ ಅದಕ್ಕೆ ಅಡ್ಡಹೆಸರು. ಶಾಸಕರು ಅದರ ಜೇಬಿನಲ್ಲಿ. 1910ರಲ್ಲಿ ಹೈರಮ್ ಜಾನ್ಸನ್ ಅದನ್ನು ಓಡಿಸುತ್ತೇನೆ ಅಂತ ಗವರ್ನರ್ ಆದರು. 1911ರ ಅಕ್ಟೋಬರಿನಲ್ಲಿ ಜನರ ಮುಂದೆ ಒಂದು ರಾಶಿ ತಿದ್ದುಪಡಿ ಇಟ್ಟರು. ಸಹಿ ಸಂಗ್ರಹಿಸಿ ಕಾನೂನು ತರುವ ಹಕ್ಕು, ಶಾಸಕರು ಮಾಡಿದ ಕಾನೂನನ್ನು ತಡೆಯುವ ಹಕ್ಕು, ಆರಿಸಿದವರನ್ನು ನಡುವೆಯೇ ಕೆಳಗಿಳಿಸುವ ಹಕ್ಕು. ಹೆಂಗಸರಿಗೆ ಓಟು ಸಿಕ್ಕಿದ್ದೂ ಅವತ್ತೇ, ಬರೀ 3,587 ಓಟಿನ ಅಂತರದಲ್ಲಿ. 2003ರಲ್ಲಿ ಗ್ರೇ ಡೇವಿಸ್ ಅವರನ್ನು ಇಳಿಸಿ ಸಿನಿಮಾದ ಶ್ವಾರ್ಜ್‌ನೆಗರ್ ಅವರನ್ನು ಕೂರಿಸಿದ್ದು ಇದೇ ಹಕ್ಕಿನಲ್ಲಿ.

ಈಗಲೂ ಗವರ್ನರ್ ಚುನಾವಣೆಯಲ್ಲಿ ಬಿದ್ದ ಓಟಿನ ಶೇ. 5ರಷ್ಟು ಸಹಿ ತಂದರೆ ಸಾದಾ ಕಾನೂನು, ಶೇ. 8 ತಂದರೆ ಸಂವಿಧಾನ ತಿದ್ದುಪಡಿ, ಮತಪತ್ರದ ಮೇಲೆ ಬರುತ್ತದೆ. ಅಂಗಡಿ ಮುಂದೆ ಪ್ಯಾಡು ಹಿಡಿದು ನಿಂತು ಸಹಿ ಕೇಳುತ್ತಾರಲ್ಲ, ಅವರಲ್ಲಿ ಬಹಳ ಜನಕ್ಕೆ ಸಹಿಗೆ ಇಷ್ಟು ಅಂತ ದುಡ್ಡು ಸಿಗುತ್ತದೆ. ರೈಲು ಕಂಪನಿಯ ದುಡ್ಡಿನ ಹಿಡಿತ ತಪ್ಪಿಸಲು ತಂದ ದಾರಿ ಇದು!

ತೀರ್ಥಹಳ್ಳಿ ಅಕ್ಕ:

ಜಾನ್ಸನ್ ಅವರನ್ನು ಹೊಗಳುವ ಮೊದಲು ಇದನ್ನೂ ಹೇಳಿ. 1913ರಲ್ಲಿ ಏಲಿಯನ್ ಲ್ಯಾಂಡ್ ಲಾಗೆ ಸಹಿ ಹಾಕಿದವರೂ ಅವರೇ. ಪೌರತ್ವ ಪಡೆಯಲು ಅರ್ಹತೆ ಇಲ್ಲದ ವಿದೇಶಿಯರು ಕೃಷಿ ಭೂಮಿ ಕೊಳ್ಳುವಂತಿಲ್ಲ, ಮೂರು ವರ್ಷಕ್ಕಿಂತ ಜಾಸ್ತಿ ಗೇಣಿಗೆ ಪಡೆಯುವಂತಿಲ್ಲ. ಜಪಾನಿಯರು ಅನ್ನುವ ಪದ ಅದರಲ್ಲಿ ಎಲ್ಲೂ ಇಲ್ಲ, ಆದರೆ ಗುರಿ ಅವರೇ. ಅಧ್ಯಕ್ಷ ವಿಲ್ಸನ್ ತಮ್ಮ ವಿದೇಶಾಂಗ ಕಾರ್ಯದರ್ಶಿ ಬ್ರಯನ್ ಅವರನ್ನೇ ಸ್ಯಾಕ್ರಮೆಂಟೊಗೆ ಕಳಿಸಿ ಬೇಡ ಅನ್ನಿಸಿದರು. ಇವರು ಕೇಳಲಿಲ್ಲ. 1920ರಲ್ಲಿ ಅದನ್ನು ಇನ್ನೂ ಬಿಗಿ ಮಾಡಿ ಗೇಣಿಯನ್ನೂ ಪೂರ್ತಿ ನಿಲ್ಲಿಸಿದ್ದು ಯಾರು ಗೊತ್ತಾ? ಜನ. ಅದೇ ಸಹಿ, ಅದೇ ಮತಪತ್ರ. ನಾಲ್ಕರಲ್ಲಿ ಮೂರು ಪಾಲು ಓಟು.

ಇದನ್ನೆಲ್ಲ ನಾನು ಹುಡುಕಿ ಓದಿದ್ದಕ್ಕೆ ಕಾರಣ ನಮ್ಮ ಮನೆಯ ಕ್ರಯಪತ್ರ. ಸ್ಯಾನ್ ಹೊಸೆಯಲ್ಲಿ ನಮ್ಮದು 1941ರ ಮನೆ. ಕೊಳ್ಳುವಾಗ ಟೈಟಲ್ ಕಂಪನಿಯವರು, ಅಂದರೆ ಆಸ್ತಿಯ ಹಕ್ಕುಪತ್ರ ಪರಿಶೀಲಿಸುವವರು, 80 ಪುಟದ ಕಟ್ಟು ಕೊಟ್ಟರು. ಯಜಮಾನರು ಓದದೆ ಸಹಿ ಹಾಕಿದರು. ನಾನು ಮಲೆನಾಡಿನವಳು, ಜಾಗದ ಕಾಗದ ಓದದೆ ಬಿಡುವುದಿಲ್ಲ. ಮೊದಲ ಪುಟದಲ್ಲಿ ದಪ್ಪ ಅಕ್ಷರದಲ್ಲಿ ಒಂದು ಸೂಚನೆ: ಒಳಗೆ ಜನಾಂಗ, ಬಣ್ಣ ನೋಡಿ ಹಾಕಿದ ಷರತ್ತು ಇದ್ದರೆ ಅದು ಈಗ ಅಸಿಂಧು ಅಂತ. ಇಷ್ಟು ದೊಡ್ಡದಾಗಿ ಹೇಳುತ್ತಾರೆ ಅಂದರೆ ಒಳಗೆ ಏನೋ ಇದೆ ಅಂತ ಹುಡುಕಿದೆ. ಟೈಪ್‌ರೈಟರ್ ಅಕ್ಷರ, ಜೆರಾಕ್ಸ್ ಮಾಡಿ ಮಾಡಿ ಮಸುಕಾಗಿದೆ. ಕಾಕೇಸಿಯನ್, ಅಂದರೆ ಬಿಳಿಯ, ಜನಾಂಗದವರಲ್ಲದ ಯಾರೂ ಈ ಜಾಗದಲ್ಲಿ ವಾಸಿಸಕೂಡದು, ಒಡೆಯರ ಮನೆಯಲ್ಲೇ ಇರುವ ಕೆಲಸದವರಿಗೆ ಮಾತ್ರ ವಿನಾಯಿತಿ. ಮುಂದಿನ ಸಾಲೇ ಹಿತ್ತಿಲಲ್ಲಿ ಹಂದಿ, ಕೋಳಿ ಸಾಕಬಾರದು ಅಂತ. ಒಂದರ ಕೆಳಗೆ ಒಂದು. ಅಡುಗೆಮನೆಯಲ್ಲಿ ನಿಂತು ಓದುತ್ತಿದ್ದೆ, ಒಲೆ ಮೇಲೆ ಹಾಲು ಉಕ್ಕಿತು.

ಮಂಡ್ಯದವನು:

ಅಯ್ಯೋ! ಅದನ್ನು ತೆಗೆಸಲು ಆಗುವುದಿಲ್ವಾ ಅಕ್ಕ?

ತೀರ್ಥಹಳ್ಳಿ ಅಕ್ಕ:

ಆಗುತ್ತದೆ. ಕೌಂಟಿ ರೆಕಾರ್ಡರ್‌ಗೆ ಅರ್ಜಿ ಕೊಟ್ಟರೆ ಆ ಸಾಲಿಗೆ ಮಸಿ ಬಳಿದ ಹೊಸ ಪ್ರತಿ ದಾಖಲಿಸುತ್ತಾರೆ. 2021ರಲ್ಲಿ ಆದ ಕಾನೂನಿನಂತೆ ಕೌಂಟಿಯವರೇ ಹಳೆ ಕಡತ ಹುಡುಕಿ ತಿದ್ದಬೇಕು. ನಾನು ಕೊಟ್ಟಿಲ್ಲ. ಮಗಳು ದೊಡ್ಡವಳಾದ ಮೇಲೆ ತೋರಿಸಬೇಕು ಅಂತಿದೆ.

ಬೆಂಗಳೂರಲ್ಲೇ ಇದ್ದೇನೆ:

ಅಲ್ಲಿ ಕಾಗದದ ಮೇಲೆ ಬರೆದರು. ಇಲ್ಲಿ ಮನೆ ಓನರ್ ಫೋನಿನಲ್ಲಿ "ನೀವು ಯಾವ ಪೈಕಿ?" ಅಂತ ಕೇಳುತ್ತಾರೆ. ಹೋದ ತಿಂಗಳು ನಾಲ್ಕು ಮನೆ ನೋಡಿದೆ, ಮೂರರಲ್ಲಿ ಕೇಳಿದರು.

ಕಾಫಿಪುಡಿ:

ಕಾಕೇಸಿಯನ್ ಅನ್ನುವ ಪದದ ಕಥೆಯೂ ಇದೆ. ಭಗತ್ ಸಿಂಗ್ ಥಿಂಡ್ ಅಂತ ಒಬ್ಬರು. ಮೊದಲ ಮಹಾಯುದ್ಧದಲ್ಲಿ ಅಮೆರಿಕದ ಸೈನ್ಯದಲ್ಲಿದ್ದವರು. ಬಿಳಿಯರಿಗೆ ಪೌರತ್ವ ಕೊಡುತ್ತೀರಿ ಅಂತಾದರೆ, ನಿಮ್ಮ ವಿಜ್ಞಾನಿಗಳ ಪ್ರಕಾರ ನಾನೂ ಕಾಕೇಸಿಯನ್, ಕೊಡಿ ಅಂದರು. 1923ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು: ವಿಜ್ಞಾನ ಏನಾದರೂ ಹೇಳಲಿ, ಸಾಮಾನ್ಯ ಮನುಷ್ಯ ಯಾರನ್ನು ಬಿಳಿಯ ಅನ್ನುತ್ತಾನೋ ಅವನೇ ಬಿಳಿಯ. ಅಲ್ಲಿಗೆ ಭಾರತೀಯರು ಪೌರತ್ವಕ್ಕೆ ಅರ್ಹರಲ್ಲ ಅಂತಾಯಿತು. ಪೌರತ್ವ ಇಲ್ಲ ಅಂದರೆ ಕ್ಯಾಲಿಫೋರ್ನಿಯಾದಲ್ಲಿ ಜಮೀನೂ ಇಲ್ಲ. ಇಂಪೀರಿಯಲ್ ಕಣಿವೆಯ ಪಂಜಾಬಿ ರೈತರು ಜಮೀನನ್ನು ವಕೀಲರ ಹೆಸರಿಗೆ, ಇಲ್ಲೇ ಹುಟ್ಟಿದ ಮಕ್ಕಳ ಹೆಸರಿಗೆ ಇಟ್ಟು ಉತ್ತರು. ಆ ಮಕ್ಕಳಲ್ಲಿ ಬಹಳ ಮಂದಿಯ ತಾಯಂದಿರು ಮೆಕ್ಸಿಕೊ ಮೂಲದವರು.

ಅದೇ ಕಣಿವೆಯಲ್ಲಿ ಲೆಟಿಸ್ ಬೆಳೆಯುತ್ತಿದ್ದವರು ದಲೀಪ್ ಸಿಂಗ್ ಸೌಂದ್. ಬರ್ಕ್ಲಿಯಲ್ಲಿ ಗಣಿತದಲ್ಲಿ ಪಿಎಚ್‌ಡಿ ಮಾಡಿ ಲೆಟಿಸ್! 1946ರಲ್ಲಿ ಕಾನೂನು ಬದಲಾಯಿತು, 1949ರಲ್ಲಿ ಪೌರರಾದರು, 1956ರ ನವೆಂಬರ್ 6ರಂದು ಅಮೆರಿಕದ ಸಂಸತ್ತಿಗೆ ಗೆದ್ದರು. ಏಷ್ಯಾದಿಂದ ಬಂದವರಲ್ಲಿ ಮೊದಲಿಗರು. ಅತ್ತ ಊರಲ್ಲಿ ಏಕೀಕರಣವಾಗಿ ಐದೇ ದಿನ. ಅವತ್ತಿನ ಮತಪತ್ರದಲ್ಲೇ ಏಲಿಯನ್ ಲ್ಯಾಂಡ್ ಲಾ ರದ್ದು ಮಾಡುವ ಪ್ರಸ್ತಾಪವೂ ಇತ್ತು, ಅದೂ ಪಾಸಾಯಿತು. ಅದರ ನಂಬರ್ ಎಷ್ಟು ಅಂದುಕೊಂಡಿರಿ? 13. ಒಂದು ಪ್ರಾಪ್ 13 ನಮ್ಮಂಥವರಿಗೆ ಜಮೀನಿನ ಬಾಗಿಲು ಮುಚ್ಚಿದ್ದ ಕಾನೂನನ್ನು ಅಳಿಸಿತು. 22 ವರ್ಷ ಆದ ಮೇಲೆ ಬಂದ ಇನ್ನೊಂದು ಪ್ರಾಪ್ 13ರ ಬಿಲ್ಲು ಮಂಡ್ಯದವರ ಕೈಯಲ್ಲಿದೆ.

ಹಳೇ ಡೇವಿಸ್:

ಜಮೀನಿನ ಬಾಗಿಲು ತೆಗೆಯಿತು, ಮನೆಯ ಬಾಗಿಲು ಅಲ್ಲ. ಕ್ರಯಪತ್ರದ ಷರತ್ತುಗಳನ್ನು ಕೋರ್ಟು ಜಾರಿ ಮಾಡುವಂತಿಲ್ಲ ಅಂತ 1948ರಲ್ಲೇ ತೀರ್ಪಾಗಿತ್ತು. ಆದರೆ ಮಾರುವವನು "ಕೊಡಲ್ಲ ಹೋಗು" ಅಂದರೆ ಏನು ಮಾಡುತ್ತೀರಿ? 1952ರಲ್ಲಿ ಸೌತ್ ಸ್ಯಾನ್ ಫ್ರಾನ್ಸಿಸ್ಕೊ ಅನ್ನುವ ಊರಿನ ಸೌತ್‌ವುಡ್ ಬಡಾವಣೆಯಲ್ಲಿ ಒಬ್ಬ ಚೀನೀಯರು ಮನೆ ಕೊಳ್ಳಲು ಹೋದರು. ಅಕ್ಕಪಕ್ಕದವರು ಬೇಡ ಅಂದರು. ಆ ಮನುಷ್ಯನಿಗೆ ಪ್ರಜಾಪ್ರಭುತ್ವದಲ್ಲಿ ಎಷ್ಟು ನಂಬಿಕೆ ಅಂದರೆ, ಸರಿ, ಓಟು ಹಾಕಿ, ಬೇಡ ಅಂದರೆ ಬರುವುದಿಲ್ಲ ಅಂದರು. ಬೇಡ ಅಂದವರು 174, ಬರಲಿ ಅಂದವರು 28, ಏನೂ ಹೇಳದವರು 14. ಅವರು ಬರಲಿಲ್ಲ.

1963ರಲ್ಲಿ ಬರ್ಕ್ಲಿಯ ಶಾಸಕ ಬೈರನ್ ರಂಫರ್ಡ್ ಇದಕ್ಕೊಂದು ಕಾನೂನು ತಂದರು. ಔಷಧಿ ಅಂಗಡಿ ನಡೆಸುತ್ತಿದ್ದ ಕಪ್ಪು ಸಮುದಾಯದ ನಾಯಕರು. ಮನೆ ಮಾರುವಾಗ, ಬಾಡಿಗೆಗೆ ಕೊಡುವಾಗ ಜನಾಂಗ ನೋಡುವಂತಿಲ್ಲ. ಒಂದೇ ವರ್ಷಕ್ಕೆ ರಿಯಲ್ ಎಸ್ಟೇಟ್‌ನವರ ಸಂಘ ಸಹಿ ಸಂಗ್ರಹಿಸಿ ಪ್ರಾಪ್ 14 ತಂದಿತು. ನನ್ನ ಮನೆ, ನನ್ನಿಷ್ಟ, ಬೇಡ ಅನ್ನಿಸಿದವರಿಗೆ ಕೊಡುವುದಿಲ್ಲ ಅನ್ನುವುದು ಸಂವಿಧಾನದಲ್ಲೇ ಸೇರಲಿ ಅಂತ. 1964ರ ನವೆಂಬರಿನಲ್ಲಿ ಪಾಸಾಯಿತು. ಅದೇ ದಿನ ಅದೇ ಜನ ನಾಗರಿಕ ಹಕ್ಕಿನ ಕಾಯ್ದೆ ತಂದ ಲಿಂಡನ್ ಜಾನ್ಸನ್ ಅವರನ್ನು ಭರ್ಜರಿಯಾಗಿ ಗೆಲ್ಲಿಸಿದರು. ಪ್ರಾಪ್ 14ಕ್ಕೆ ಬಿದ್ದದ್ದು ಸುಮಾರು ಶೇ. 65.

65. 1978ರದೂ 65.

1965ರ ಆಗಸ್ಟಿನಲ್ಲಿ ಲಾಸ್ ಏಂಜಲೀಸ್‌ನ ಕಪ್ಪು ಜನರ ಬಡಾವಣೆ ವಾಟ್ಸ್ ಹೊತ್ತಿ ಉರಿಯಿತು, 34 ಜನ ಸತ್ತರು. 1966ರಲ್ಲಿ ರಂಫರ್ಡ್ ಕಾನೂನನ್ನು ವಿರೋಧಿಸಿದ ರೊನಾಲ್ಡ್ ರೇಗನ್ ಗವರ್ನರ್ ಆದರು. 1967ರಲ್ಲಿ ಸುಪ್ರೀಂ ಕೋರ್ಟ್ 5–4ರಲ್ಲಿ ಪ್ರಾಪ್ 14 ಹೊಡೆದುಹಾಕಿತು.

ಲೆಕ್ಕದ ಮೇಷ್ಟ್ರು:

ಕ್ಷಮಿಸಿ ಸರ್, 65ಕ್ಕೆ 65 ಜೋಡಿಸುವುದು ಜ್ಯೋತಿಷ್ಯ, ಇತಿಹಾಸ ಅಲ್ಲ. 1964ರದು ಬೇರೆಯವರು ಬರಬಾರದು ಅನ್ನುವ ಮನಸ್ಸು. 1978ರದು ಇರುವವರನ್ನು ಓಡಿಸಬೇಡಿ ಅನ್ನುವ ಮೊರೆ. ಓಕ್‌ಲ್ಯಾಂಡಿನಲ್ಲಿ ನನ್ನ ಬೀದಿಯಲ್ಲಿ ಮೂರು ಕಪ್ಪು ಕುಟುಂಬಗಳು 60, 70ರ ದಶಕದಿಂದ ಇವೆ. ಇವತ್ತಿನ ಬೆಲೆಗೆ ಕಂದಾಯ ಹಾಕಿದರೆ ನಾಳೆಯೇ ಮಾರಿ ಹೋಗಬೇಕು. ಅವರನ್ನು ಉಳಿಸಿರುವುದು ಪ್ರಾಪ್ 13. ಮಂಡ್ಯದವರೇ, ನಿಮ್ಮ ಅಜ್ಜಿಗೆ 18,900 ಕಟ್ಟಲು ಆಗುತ್ತದೆಯೇ? ಕೇಳಿ ನೋಡಿ.

ಹಳೇ ಡೇವಿಸ್:

ಒಪ್ಪಿದೆ ಮೇಷ್ಟ್ರೇ. ಎರಡರ ಮನಸ್ಸು ಒಂದೇ ಅನ್ನುವುದು ನನ್ನ ಮಾತಲ್ಲ. ನಾನು ನೋಡುವುದು ಓಟು ಯಾರ ಕೈಯಲ್ಲಿತ್ತು ಅಂತ. ಎರಡು ಸಲವೂ ಓಟು ಹಾಕಿದವರು ಆಗಲೇ ಒಳಗಿದ್ದವರು. ಬೆಲೆ ತೆತ್ತವರು ಇನ್ನೂ ಬಂದೇ ಇರದವರು. ಸೌತ್‌ವುಡ್‌ನಲ್ಲಿ ಆ ಚೀನೀಯರೇ ಎದುರು ನಿಂತಿದ್ದರು. 1978ರಲ್ಲಿ ಮಂಡ್ಯದವರು ಹುಟ್ಟಿಯೇ ಇರಲಿಲ್ಲ.

ಮತ್ತೆ, ಅಜ್ಜಿಯನ್ನು ಉಳಿಸಲು ಅಜ್ಜಿಗಷ್ಟೇ ಕಾನೂನು ಮಾಡಬಹುದಿತ್ತು. ಇವರು ಕಚೇರಿ ಕಟ್ಟಡ, ಮಾಲ್, ಕಾರ್ಖಾನೆ ಎಲ್ಲಕ್ಕೂ ಮಾಡಿದರು. ಅಜ್ಜಿ ಒಂದು ದಿನ ಹೋಗುತ್ತಾರೆ. ಕಂಪನಿಗೆ ಸಾವಿಲ್ಲ. ಮನೆ ಬಿಟ್ಟು ವ್ಯಾಪಾರದ ಕಟ್ಟಡಗಳಿಗೆ ಮಾತ್ರ ಮಾರುಕಟ್ಟೆ ಬೆಲೆ ಹಾಕೋಣ ಅಂತ 2020ರಲ್ಲಿ ಪ್ರಾಪ್ 15 ಬಂತು. 48ಕ್ಕೆ 52ರಲ್ಲಿ ಬಿತ್ತು. 42 ವರ್ಷ ಆದರೂ ಆ ನಂಬರ್ ಮುಟ್ಟಲು ಜನಕ್ಕೆ ಭಯ.

ಟ್ರೇಸಿ ಟ್ರಾಫಿಕ್:

ನೀವೆಲ್ಲ ಹಳೆ ಬೀದಿಯವರು, ಪುಣ್ಯವಂತರು. ನಮ್ಮದು ಹೊಸ ಬಡಾವಣೆ. ಬಿಲ್ಲಿನಲ್ಲಿ ಶೇ. 1 ಆದ ಮೇಲೆ ಮೆಲ್ಲೊ-ರೂಸ್ ಅಂತ ಇನ್ನೊಂದು ಸಾಲು, ಅದೇ ಮೂರ್ನಾಲ್ಕು ಸಾವಿರ. ಯಾವುದೋ ಇಟಾಲಿಯನ್ ತಿಂಡಿ ಅಂದುಕೊಂಡಿದ್ದೆ. ಇಬ್ಬರು ಶಾಸಕರ ಹೆಸರಂತೆ! ಪ್ರಾಪ್ 13 ಆದ ಮೇಲೆ ಊರುಗಳ ಹತ್ತಿರ ಹೊಸ ರಸ್ತೆಗೆ, ಶಾಲೆಗೆ, ಚರಂಡಿಗೆ ದುಡ್ಡಿಲ್ಲ. 1982ರಲ್ಲಿ ಇದನ್ನು ಕಂಡುಹಿಡಿದರು. ಹೊಸ ಬಡಾವಣೆಗೆ ಬರುವವರೇ ತಮ್ಮ ರಸ್ತೆಯ ಸಾಲ ತೀರಿಸಲಿ ಅಂತ.

ನನ್ನ ಮಗಳ ಶಾಲೆಯಿಂದ ವರ್ಷಕ್ಕೆ ಎರಡು ಸಲ ದೇಣಿಗೆ ಪತ್ರ ಬರುತ್ತದೆ. ಕಲೆ, ಸಂಗೀತದ ಟೀಚರ್ ಸಂಬಳಕ್ಕಂತೆ. ಸರ್ಕಾರಿ ಶಾಲೆ ಸ್ವಾಮಿ!

ತೀರ್ಥಹಳ್ಳಿ ಅಕ್ಕ:

ಶಾಲೆ ವಿಷಯದಲ್ಲಿ ಎಲ್ಲವನ್ನೂ 1978ರ ತಲೆಗೆ ಕಟ್ಟಬೇಡಿ. ಅದಕ್ಕೂ ಮೊದಲು 1971ರಲ್ಲಿ ಸೆರಾನೊ ತೀರ್ಪು ಬಂತು. ಬೆವರ್ಲಿ ಹಿಲ್ಸ್‌ನ ಮಕ್ಕಳಿಗೆ ಒಂದು ಥರ, ಬಾಲ್ಡ್‌ವಿನ್ ಪಾರ್ಕ್‌ನ ಮಕ್ಕಳಿಗೆ ಇನ್ನೊಂದು ಥರ ಖರ್ಚು ಮಾಡುವಂತಿಲ್ಲ ಅಂತ. ಒಳ್ಳೆಯ ತೀರ್ಪೇ. ಆದರೆ ನನ್ನ ಕಂದಾಯ ನನ್ನೂರ ಶಾಲೆಗೇ ಹೋಗುವುದಿಲ್ಲ ಅಂದ ಮೇಲೆ ಸಾಹುಕಾರರ ಊರಿನವರಿಗೆ ಕಂದಾಯ ಉಳಿಸಿಕೊಳ್ಳುವ ಆಸೆ ಯಾಕಿರುತ್ತದೆ? 1978ರಲ್ಲಿ ಅವರೂ ಕೈಬಿಟ್ಟರು ಅಂತ ವಾದ ಮಾಡುವ ಪಂಡಿತರಿದ್ದಾರೆ. ಎಲ್ಲರೂ ಒಪ್ಪುವುದಿಲ್ಲ, ನನಗೆ ಅರ್ಧ ಒಪ್ಪಿಗೆ.

ಬೆಂಗಳೂರಲ್ಲೇ ಇದ್ದೇನೆ:

ಇಲ್ಲಿ ಬೇರೆ ಥರ. ಯಾವ ವಲಯ, ಎಷ್ಟು ಚದರಡಿ, ಕಟ್ಟಡ ಎಷ್ಟು ಹಳೆಯದು, ಸ್ವಂತಕ್ಕೋ ಬಾಡಿಗೆಗೋ, ಇಷ್ಟರ ಮೇಲೆ ಲೆಕ್ಕ. ಯಾವಾಗ ಕೊಂಡಿರಿ ಅಂತ ಯಾರೂ ಕೇಳುವುದಿಲ್ಲ. ಇದರ ಮೇಲೆ ಅಲ್ಲಿ ಯಾರೂ ಕೋರ್ಟಿಗೆ ಹೋಗಲಿಲ್ವಾ?

ಕಾಫಿಪುಡಿ:

ಹೋಗಿದ್ದಾರೆ. ನಾರ್ಡ್‌ಲಿಂಗರ್ ಕೇಸು, 1992. ಲಾಸ್ ಏಂಜಲೀಸ್‌ನಲ್ಲಿ 1988ರಲ್ಲಿ 1,70,000ಕ್ಕೆ ಮನೆ ಕೊಂಡ ವಕೀಲೆ. ಅಂಥದ್ದೇ ಮನೆಯ ಹಳಬರಿಗಿಂತ ಅವರ ಕಂದಾಯ ಸುಮಾರು ಐದು ಪಟ್ಟು. ಸುಪ್ರೀಂ ಕೋರ್ಟಿನಲ್ಲಿ 8–1ರಲ್ಲಿ ಸೋತರು. ಹೊಸಬರು ಎಷ್ಟು ಕಟ್ಟಬೇಕು ಅಂತ ತಿಳಿದೇ ಕೊಳ್ಳುತ್ತಾರೆ, ಹಳಬರಿಗೆ ಆ ಆಯ್ಕೆ ಇಲ್ಲ, ಹಾಗಾಗಿ ತಪ್ಪಿಲ್ಲ ಅಂದಿತು ಕೋರ್ಟು. ಒಪ್ಪದ ಒಬ್ಬರೇ ನ್ಯಾಯಮೂರ್ತಿ ಸ್ಟೀವನ್ಸ್. ಅವರು ಹಳೆ ಮಾಲೀಕರನ್ನು ಕರೆದ ಪದಕ್ಕೆ ನಮ್ಮಲ್ಲಿ ಜಮೀನ್ದಾರರು ಅನ್ನಬಹುದು.

ಮಂಡ್ಯದವನು:

ಮೇಷ್ಟ್ರು ಹೇಳಿದಂತೆ ಭಾನುವಾರ ಅಜ್ಜಿಯ ಮನೆಗೆ ಹೋಗಿದ್ದೆ. ಹೆಂಡತಿ ಚಿತ್ರಾನ್ನ ಮಾಡಿ ಡಬ್ಬಿಗೆ ಹಾಕಿ ಕೊಟ್ಟಳು, ನಿಂಬೆಹಣ್ಣು ಅವರ ಮರದ್ದೇ. ಕಂದಾಯದ ಮಾತು ಹೇಗೆ ತೆಗೆಯುವುದು ಅಂತ ನಾನು ಒದ್ದಾಡುತ್ತಿದ್ದರೆ ಅವರೇ ಕೇಳಿದರು, ಬಿಲ್ ಬಂತಾ ಅಂತ. ಪ್ರತಿ ಹೊಸ ನೆರೆಮನೆಯವರೂ ಮೊದಲ ವರ್ಷ ಇದೇ ಮುಖ ಹೊತ್ತು ಬರುತ್ತಾರಂತೆ.

1978ರಲ್ಲಿ ಹೌದು ಅಂತ ಓಟು ಹಾಕಿದ್ದಾರೆ. ಗಂಡನಿಗೆ ಆಗ ಕಾರ್ ಫ್ಯಾಕ್ಟರಿಯಲ್ಲಿ ಕೆಲಸ. ಅವರು ಬೇಡ ಅಂತ ಹಾಕಿದ್ದರಂತೆ, ಮಕ್ಕಳ ಬೇಸಿಗೆ ಶಾಲೆ ನಿಂತುಹೋಗುತ್ತದೆ ಅಂತ. ನಿಂತೇ ಹೋಯಿತು. ಆ ಬೇಸಿಗೆಯೆಲ್ಲ ಮೂರು ಮಕ್ಕಳು ಮನೆಯಲ್ಲೇ, ದಿನಾ ಗಂಡನ ಕೈಯಲ್ಲಿ ಬಯ್ಯಿಸಿಕೊಂಡೆ ಅಂತ ನಗುತ್ತಾರೆ. ಈಗ ಬರುವುದು ಪಿಂಚಣಿ ಮಾತ್ರ. 18,900 ಅಂದರೆ ಅವರ ವರ್ಷದ ಆದಾಯದ ಅರ್ಧಕ್ಕಿಂತ ಜಾಸ್ತಿ. ಮಗ ಟೆಕ್ಸಾಸ್‌ನಲ್ಲಿ. ಮೊದಲಾಗಿದ್ದರೆ ಮನೆ ಮಗನಿಗೆ ಹೋದರೂ ಹಳೆ ಕಂದಾಯವೇ ಇರುತ್ತಿತ್ತಂತೆ. 2020ರ ಪ್ರಾಪ್ 19 ಆದ ಮೇಲೆ ಮಗ ಬಂದು ಅಲ್ಲೇ ವಾಸ ಮಾಡಿದರೆ ಮಾತ್ರ. ಅವನು ಬರುವುದಿಲ್ಲ, ಮಾರುತ್ತಾನೆ, ಆಗ ನಿನಗೊಬ್ಬ ಜೊತೆಗಾರ ಸಿಗುತ್ತಾನೆ ಅಂದರು.

ನಿನಗೆ ಸರಿ ಕಾಣದಿದ್ದರೆ ಓಟು ಹಾಕಿ ಬದಲಾಯಿಸು ಅಂದರು. ನನ್ನದು ಎಚ್1ಬಿ, ಗ್ರೀನ್ ಕಾರ್ಡ್ ಸಾಲಿನಲ್ಲಿ ಹತ್ತು ವರ್ಷದಿಂದ ನಿಂತಿದ್ದೇನೆ, ಓಟು ಎಲ್ಲಿಂದ ತರಲಿ ಅಜ್ಜಿ ಅಂದೆ. ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು ಡಬ್ಬಿಯ ಮುಚ್ಚಳ ತೆಗೆದರು. ಕಡಲೆಬೇಳೆ ನೋಡಿ ಇದು ಯಾವ ಕಾಯಿ ಅಂತ ಕೇಳಿದರು.

ಅಂದಹಾಗೆ, ನಿನ್ನೆ ಕೌಂಟಿಯಿಂದ ಇನ್ನೊಂದು ಬಿಲ್ ಬಂದಿದೆ. ಸಪ್ಲಿಮೆಂಟಲ್ ಅಂತ ಬರೆದಿದೆ, 9,400. ಇದು ಬ್ಯಾಂಕಿನವರೇ ಕಟ್ಟುತ್ತಾರಾ?

ಟ್ರೇಸಿ ಟ್ರಾಫಿಕ್:

ಸಾಮಾನ್ಯವಾಗಿ ಕಟ್ಟುವುದಿಲ್ಲ. ಹಿಂದಿನ ಮಾಲೀಕರ ಹಳೆ ಬೆಲೆಗೂ ನೀವು ಕೊಂಡ ಬೆಲೆಗೂ ಇರುವ ವ್ಯತ್ಯಾಸದ ಬಿಲ್ ಅದು, ಕೊಂಡ ದಿನದಿಂದ ಲೆಕ್ಕ. ನಿಮ್ಮ ಹೆಸರಿಗೇ ನೇರವಾಗಿ ಬರುತ್ತದೆ. ನಾನು ಬ್ಯಾಂಕಿನವರು ಕಟ್ಟಿರುತ್ತಾರೆ ಅಂತ ಡ್ರಾಯರಿನಲ್ಲಿ ಹಾಕಿಟ್ಟು ಶೇ. 10 ದಂಡ ತೆತ್ತಿದ್ದೇನೆ.

ಲೆಕ್ಕದ ಮೇಷ್ಟ್ರು:

ಅದರ ಕೊನೆ ದಿನಾಂಕ ಆ ಬಿಲ್ಲಿನ ಮೇಲೇ ಇರುತ್ತದೆ, ನೋಡಿಕೊಳ್ಳಿ. ಮಾಮೂಲಿ ಬಿಲ್ಲಿನ ಮೊದಲ ಕಂತಿಗೆ ಡಿಸೆಂಬರ್ 10, ಎರಡನೆಯದಕ್ಕೆ ಏಪ್ರಿಲ್ 10. ಇವೆರಡೂ ಬೇರೆ ಬೇರೆ, ಒಂದು ಕಟ್ಟಿದರೆ ಇನ್ನೊಂದು ತೀರುವುದಿಲ್ಲ.

ಮಂಡ್ಯದವನು:

ಸರಿ. ಇದನ್ನಂತೂ ಅಪ್ಪನಿಗೆ ಖಂಡಿತ ಹೇಳುವುದಿಲ್ಲ.